ಬಾಣನ ‘ಪರಭಾಗ’ವೂ ಪಂಜಾಬಿನ ಫುಲ್ಕಾರಿಯೂ

ಪಂಜಾಬ ದೇಶದ ಸ್ತ್ರೀಯರು ಕೈಯಿಂದ ನೂತು ನೆಯ್ದ ಒರಟು ಖದ್ದರಿನ ಮೇಲೆ ಹುರಿಮಾಡದ ರೇಷ್ಮೆಯೆಳೆಯಿಂದ ತುಂಬುವ ಹೂಗೆಲಸಕ್ಕೆ ಫುಲ್ಕಾರಿಯೆಂದು ಹೆಸರು. ಇದರ ಪ್ರಾಚೀನತೆಯನ್ನು ಹೇಳುವ ಬರಹಗಳಲ್ಲಿ ಒಂದೇ ಪ್ರಮಾಣವು ಒಬ್ಬರಿಂದೊಬ್ಬರಿಗೆ ಸಾಗಿಬಂದಿದೆ. ಏಳನೆಯ ಶತಮಾನದ ಬಾಣಭಟ್ಟನು ಹರ್ಷಚರಿತದ ನಾಲ್ಕನೆಯ ಉಚ್ಛ್ವಾಸದಲ್ಲಿ, ರಾಜ್ಯಶ್ರೀಯ ವಿವಾಹಸನ್ನಾಹವನ್ನು ವರ್ಣಿಸುವಾಗ, ವಸ್ತ್ರದ ಹಿಂಬದಿಯಿಂದ ಹೂವೆಲೆಗಳ ಕಸೂತಿ ಹಾಕುತ್ತಿದ್ದವರನ್ನು ಹೇಳಿರುವನೆಂಬುದೇ ಆ ಪ್ರಮಾಣ. ಫುಲ್ಕಾರಿಯನ್ನು ಹಾಕುವುದೂ ಹಿಂಬದಿಯಿಂದಲೇ. ಹರ್ಷನ ವಂಶದ ರಾಜಧಾನಿಯಾದ ಸ್ಥಾಣ್ವೀಶ್ವರವೂ ಪಂಜಾಬಿನ ನೆರೆಯ ಥಾನೇಸರವೇ. ಹೊಂದಿಕೆ ಸೊಗಸಾಗಿದೆ. ಸೊಗಸಾಗಿರುವುದರಿಂದಲೇ ಮೂಲವನ್ನು ತೆರೆದು ನೋಡುವ ಶ್ರಮವನ್ನು ಬಹುಮಂದಿ ವಹಿಸಲಿಲ್ಲವೆಂದು ತೋರುತ್ತದೆ.

ಮೂಲದಲ್ಲಿರುವುದು ‘ಪಲ್ಲವಪರಭಾಗ’ ಎಂಬ ಪದ. ಇದರಲ್ಲಿ ‘ಪರಭಾಗ’ವನ್ನು ‘ಆಚೆಯ ಭಾಗ’ವೆಂದು ಬಿಡಿಸಿದರೆ ಹಿಂಬದಿಯೆಂಬ ಅರ್ಥವು ಹುಟ್ಟುವುದು. ವ್ಯಾಕರಣವು ಇದನ್ನು ತಡೆಯುವುದಿಲ್ಲ. ಆದರೆ ಕವಿಪ್ರಯೋಗವೂ ಪ್ರಕರಣವೂ ಬೇರೆಯ ಕಡೆಗೆ ಎಳೆಯುತ್ತವೆ. ಕಾವ್ಯಭಾಷೆಯಲ್ಲಿ ಪರಭಾಗವೆಂದರೆ ಗುಣೋತ್ಕರ್ಷ. ಒಂದು ಬಣ್ಣದ ಮಗ್ಗುಲಲ್ಲಿ ಇನ್ನೊಂದು ಬಣ್ಣವು ನಿಂತಾಗ ಹೆಚ್ಚುವ ಕಾಂತಿ. ರಘುವಂಶದ ಐದನೆಯ ಸರ್ಗದಲ್ಲಿ ವೈತಾಳಿಕರು ಅಜನನ್ನು ಎಬ್ಬಿಸುವಾಗ, ಕೆಂಪಾದ ಚಿಗುರಿನ ಮೇಲೆ ಬಿದ್ದ ಮುತ್ತಿನಂಥ ಹನಿಯನ್ನು ತುಟಿಯ ಮೇಲಣ ನಗೆಗೆ ಹೋಲಿಸುವಲ್ಲಿ ಕಾಳಿದಾಸನು ಈ ಪದವನ್ನು ಇದೇ ಅರ್ಥದಲ್ಲಿ ಬಳಸಿದ್ದಾನೆ. ಅಲ್ಲಿ ಹಿಂಬದಿಯೆಂದು ಅರ್ಥಮಾಡಿದರೆ ಶ್ಲೋಕವೇ ಕೆಡುವುದು.

ಇನ್ನು ಪ್ರಕರಣ. ಬಾಣನು ವಸ್ತ್ರಗಳ ಸಂಸ್ಕಾರವನ್ನು ಕ್ರಮವಾಗಿ ಹೇಳುತ್ತಾನೆ. ನಾನಾ ಭಕ್ತಿಗಳನ್ನು ರಚಿಸುವುದರಲ್ಲಿ ನಿಪುಣೆಯರಾದ ಹಿರಿಯ ಮುತ್ತೈದೆಯರು ಬಟ್ಟೆಗಳನ್ನು ಕಟ್ಟುತ್ತಾರೆ. ಕಟ್ಟಿದ ಬಟ್ಟೆಗಳಿಗೆ ಬಣ್ಣವೇರುತ್ತದೆ. ಪರಿಜನರು ಎರಡು ಅಂಚುಗಳನ್ನೂ ಹಿಡಿದು ಜೋಲಾಡಿಸಿ ನೆರಳಿನಲ್ಲಿ ಆರಿಸುತ್ತಾರೆ. ಆರಿದ ಮೇಲೆ ಈ ಪಲ್ಲವಪರಭಾಗ. ಅದರ ಬಳಿಕ ಕುಂಕುಮಪಂಕದ ಹಚ್ಚೆಗಳು. ಇದು ಬಣ್ಣಗಾರರ ಕೆಲಸದ ವರ್ಣನೆ. ಇಲ್ಲಿ ಸೂಜಿಯ ಹೆಸರಿಲ್ಲ, ಹೊಲಿಯುವ ನೂಲಿನ ಹೆಸರಿಲ್ಲ. ಬಣ್ಣವೇರಿದ ನೆಲದ ಮೇಲೆ ಚಿಗುರಿನ ಚಿತ್ತಾರವು ಎದ್ದು ಕಾಣುವಂತೆ ಮಾಡಿದರೆಂಬ ಅರ್ಥವೇ ಸಂದರ್ಭಕ್ಕೆ ಒಪ್ಪುತ್ತದೆ. ಹರ್ಷಚರಿತವು ಫುಲ್ಕಾರಿಗೆ ಸಾಕ್ಷಿಯಲ್ಲ.

ಹಾಗಾದರೆ ಇದು ಪರದೇಶದಿಂದ ಬಂದ ವಿದ್ಯೆಯೇ? ಇರಾನಿನ ‘ಗುಲ್ಕಾರಿ’ಯೇ ಇದರ ತಾಯಿಯೆಂದು ಹೇಳುವವರ ಪಕ್ಷವೂ ಅಷ್ಟೇ ದುರ್ಬಲ. ಹೆಸರನ್ನು ನೋಡಿದರೆ ಪೂರ್ವಪದವಾದ ‘ಫುಲ್’ ಸಂಸ್ಕೃತದ ಫುಲ್ಲದ ಮಗುವು. ಉತ್ತರಪದವಾದರೋ ಫಾರಸಿಯದು, ಸಂಸ್ಕೃತದ ‘ಕಾರೀ’ ಎಂಬುದು ಕುಂಭಕಾರಿಯಂತೆ ಮಾಡುವವಳನ್ನು ಹೇಳುವುದೇ ಹೊರತು, ಮೀನಾಕಾರಿಯಂತೆ ಮಾಡಿದ ಕೆಲಸವನ್ನು ಹೇಳದು. ನೆಲ ಕಾಣದಂತೆ ತುಂಬಿದ ವಸ್ತ್ರಕ್ಕೆ ‘ಬಾಗ್’ ಎಂಬ ಹೆಸರೂ ಫಾರಸಿಯೇ. ಆದರೆ ರೇಷ್ಮೆಯೆಳೆಗೆ ‘ಪಟ್’, ಬಟ್ಟೆಗೆ ಕೆಂಪುಕೊಡುವ ಬೇರಿಗೆ ‘ಮಜೀಠ್’ ಎನ್ನುವರು. ಇವು ನಮ್ಮ ಪಟ್ಟ, ಮಂಜಿಷ್ಠಗಳೇ. ಹೆಸರುಗಳಿಂದ ಹೆಸರುಗಳ ವಂಶವು ತಿಳಿಯುವುದೇ ಹೊರತು ಕೈಗೆಲಸದ ವಂಶವು ತಿಳಿಯದು.

ಕಾಲವನ್ನು ಹೇಳುವ ಕುರುಹುಗಳು ಬೇಕಾದರೆ ವಸ್ತ್ರಗಳಲ್ಲಿಯೇ ಇವೆ. ವಾರಿಸ್ ಶಾಹನ ಹೀರ್ ಕಾವ್ಯದಲ್ಲಿ (1766) ಫುಲ್ಕಾರಿಯ ಹೆಸರು ಬರುತ್ತದೆ. ಶಾಲಿಮಾರ್ ಎಂಬ ಬಾಗು ಲಾಹೋರಿನ ತೋಟವನ್ನು ನೆನೆಯುವುದಾದರೆ ಆ ಹೆಸರು ತೋಟವು ಮುಗಿದ 1642ಕ್ಕಿಂತ ಹಿಂದಿನದಾಗಲಾರದು, ಚಿತ್ತಾರವು ಹಳೆಯದಿರಬಹುದು. ಆಗ್ನೇಯ ಪಂಜಾಬಿನ ‘ಸೈಂಚಿ’ಗಳಲ್ಲಿ ಮಜ್ಜಿಗೆ ಕಡೆಯುವವಳು, ರಾಟೆ ತಿರುಗಿಸುವವಳು, ಒಡವೆಗಳು, ಪಶುಪಕ್ಷಿಗಳು, ಕೆಲವೆಡೆ ರೈಲುಗಾಡಿಯೂ ಇರುತ್ತವೆ. ಲಾಹೋರಿಗೂ ಅಮೃತಸರಕ್ಕೂ ರೈಲು ನಡೆದದ್ದು 1862ರಲ್ಲಿ. ಕಂಡುದನ್ನು ಕಂಡಂತೆ ಬಟ್ಟೆಗೆ ತಂದ ಆ ಹೆಂಗಸರಿಗೆ ಬಾಣನ ಆಶ್ರಯವು ಏತಕ್ಕೆ ಬೇಕು?

ಕೆಲಸದ ಮರ್ಮವನ್ನು ತಿಳಿಯದವರು ಬಣ್ಣಗಳ ಪಟ್ಟಿಯನ್ನು ಕೊಟ್ಟು ಸುಮ್ಮನಾಗುವರು. ನಿಜವಾಗಿ ಹಳೆಯ ಬಾಗುಗಳಲ್ಲಿ ಬಣ್ಣಗಳು ಕೆಲವೇ. ಹೊಂಬಣ್ಣ, ಬಿಳುಪು, ಕಿತ್ತಳೆ, ಕೆಂಪು ಮೊದಲಾದವು. ಸೊಬಗು ಬರುವುದು ಎಳೆಯ ದಿಕ್ಕಿನಿಂದ. ಹುರಿಯಿಲ್ಲದ ರೇಷ್ಮೆಯು ಅಡ್ಡವಾಗಿ ಮಲಗಿದಾಗ ಒಂದು ಬಗೆಯಾಗಿಯೂ ನಿಡಿದಾಗಿ ಮಲಗಿದಾಗ ಇನ್ನೊಂದು ಬಗೆಯಾಗಿಯೂ ಬೆಳಕನ್ನು ಹಿಡಿಯುವುದರಿಂದ, ಒಂದೇ ಎಳೆಯು ಎರಡು ಛಾಯೆಗಳಾಗಿ ಕಾಣುತ್ತದೆ. ಬಿಟ್ಟ ನೆಲದ ಸಣ್ಣ ಗೆರೆಯೇ ರೇಖೆಯಾಗುತ್ತದೆ. ಇದೆಲ್ಲವನ್ನೂ ನಕ್ಷೆಯನ್ನು ಬರೆದುಕೊಳ್ಳದೆ, ಹಿಂಬದಿಯಲ್ಲಿ ನೂಲನ್ನೆಣಿಸುತ್ತ, ಮುಂಬದಿಯನ್ನು ಕಾಣದೆ ಮಾಡಬೇಕು. ಖದ್ದರಿನ ಒರಟುತನವು ದೋಷವಲ್ಲ, ಉಪಕಾರ. ನವಿರಾದ ಬಟ್ಟೆಯಲ್ಲಿ ನೂಲನ್ನೆಣಿಸಲಾಗದು. ಧಾರವಾಡದ ಕಸೂತಿಯನ್ನು ಬಲ್ಲ ಕನ್ನಡಿಗರಿಗೆ ಇದು ಅರಿಯದ್ದಲ್ಲ. ಸೋದರತ್ತೆ ಅಥವಾ ತಾಯಿಯ ತಾಯಿಯೇ ಮೊದಲಾದವರು ವಧುವಿಗಾಗಿ ಹಾಕುವ ‘ಚೋಪ್’ ಎರಡು ಬದಿಗಳಲ್ಲಿಯೂ ಒಂದೇ ಆಗಿ ಕಾಣುವುದು. ನಮ್ಮ ಗವಂತಿಯ ಹಾಗೆಯೇ. ಆದರೆ ಹೋಲಿಕೆಯಿಂದ ಸಂಬಂಧವನ್ನು ಕಟ್ಟಬಾರದು. ಎಣಿಸಿ ಹೊಲಿಯುವ ಕೈಗಳು ಎಲ್ಲಿದ್ದರೂ ಈ ದಾರಿಗೆ ಬರುವುವು.

ಚಿತ್ತಾರಗಳ ಹೆಸರುಗಳಲ್ಲಿ ಪುರಾಣಕ್ಕಿಂತ ಮನೆಯೇ ಹೆಚ್ಚು: ಸೌತೆ, ಮೆಣಸಿನಕಾಯಿ, ಹೂಕೋಸು, ಲಟ್ಟಣಿಗೆ, ಕವಡೆ, ಇಸ್ಪೀಟಿನ ಡೈಮನ್. ತುಂಬಿದ ವಸ್ತ್ರದಲ್ಲಿ ಒಂದೆಡೆ ಬೇಕೆಂದೇ ಬಣ್ಣವನ್ನು ತಪ್ಪಿಸುವ ‘ನಜರ್ ಬೂಟಿ’ಯು ದೃಷ್ಟಿಪರಿಹಾರಕ್ಕೆ. ವರನ ಮನೆಯ ಹಿರಿಯಳು ಮೊಮ್ಮಗನು ಹುಟ್ಟಿದಾಗ ಮೊದಲುಮಾಡಿ, ಅವನ ಮದುವೆಗೆ ಮುಗಿಸಿ, ಸೊಸೆಗೆ ಹೊದಿಸುವ ‘ವರೀ ದಾ ಬಾಗ್’ ಎಂಬುದೊಂದುಂಟು. ವರ್ಷಗಳನ್ನು ಬೇಡುವ ಇಂಥ ಕೆಲಸಕ್ಕೆ ಬೆಲೆ ಕಟ್ಟಲು ತೊಡಗಿದೊಡನೆ ಕೇಡು ಬಂದಿತು. ಫ್ಲೋರಾ ಆನಿ ಸ್ಟೀಲ್ ಎಂಬ ಆಂಗ್ಲ ಲೇಖಕಿಯು 1888ರಲ್ಲಿ ಭಾರತೀಯ ಕಲೆಗೆ ಮೀಸಲಾದ ಪತ್ರಿಕೆಯೊಂದರಲ್ಲಿ ಬರೆಯುವ ಹೊತ್ತಿಗೇ ಮಾರಾಟದ ಸರಕಿನ ಕೀಳ್ಮೆಯು ಕಾಣಿಸಿಕೊಂಡಿತ್ತು. ಆಕೆ ಜಾಟ ಒಕ್ಕಲಿಗರ ಹೆಂಗಸರನ್ನು ಕಲೆಯ ನಿಜವಾದ ಒಡತಿಯರೆಂದು ಗುರುತಿಸಿದಳು. ಮನೆಗಾಗಿ ಮಾಡಿದುದನ್ನೂ ಪೇಟೆಗಾಗಿ ಮಾಡಿದುದನ್ನೂ ಬೇರ್ಪಡಿಸಿ ನೋಡಿದ ಆ ವಿವೇಕವು ಬಾಣನನ್ನು ಕರೆತಂದವರಲ್ಲಿ ಕಾಣದು. ನವಿರಾದ ಬಾಗುಗಳಿಗೆ ಹೆಸರಾದ ಹಜಾರಾ, ರಾವಲ್ಪಿಂಡಿ ಪ್ರಾಂತಗಳು 1947ರಲ್ಲಿ ಪಾಕಿಸ್ತಾನಕ್ಕೆ ಸೇರಿದುವು. ಸೈಂಚಿಯ ನಾಡು ಭಾರತದಲ್ಲಿ ಉಳಿಯಿತು. ಮೂಲವನ್ನು ಅರಸುವವರು ಗಡಿಯ ಎರಡು ಕಡೆಗಳ ವಸ್ತ್ರಗಳನ್ನೂ ಎದುರಿಗಿಟ್ಟುಕೊಂಡು, ಎಳೆಗಳನ್ನೆಣಿಸಿಯೇ ತೊಡಗಬೇಕಾಗಿದೆ.