ನಾದಸಂಘರ್ಷ ಮತ್ತು ಕಾಲಕಲ್ಪನೆ

ನಾದಗಳ ಸಂಘರ್ಷದಿಂದ ಕಾಲವನ್ನೇ ಹಿಂದಿರುಗಿಸುವ ವಿಜ್ಞಾನವೊಂದನ್ನು ಕಥೆಗಾರನು ಕಲ್ಪಿಸಬಹುದು. ಅದನ್ನು ಅಸಂಭವವೆಂದು ತಳ್ಳಿಹಾಕುವುದು ವಿಮರ್ಶೆಯಲ್ಲ. ಆ ಕಲ್ಪನೆಗೆ ಮಿತಿಯುಂಟೇ ಎಂಬುದೇ ನಮ್ಮ ಪ್ರಶ್ನೆ. ಸೆಕೆಂಡಿಗೆ 256 ಮತ್ತು 260 ಕಂಪನಗಳುಳ್ಳ ಎರಡು ಸ್ವರಗಳು ಕೂಡಿದಾಗ ನಾದವು ಸೆಕೆಂಡಿಗೆ 4 ಸಲ ಏರಿಳಿಯುತ್ತದೆ. ಸಂಘರ್ಷವು ಕಾಲವನ್ನು ಎಣಿಸುತ್ತದೆ, ಬಾಗಿಸುವುದಿಲ್ಲ. ಗೌರಿಬಿದನೂರಿನಲ್ಲಿ 1965ರಲ್ಲಿ ಸ್ಥಾಪಿತವಾದ ಭೂಕಂಪಮಾಪಕ ಶ್ರೇಣಿಯೂ ಇದೇ ಪಾಠವನ್ನು ಹೇಳುತ್ತದೆ. ದೂರದ ಭೂಗರ್ಭ ಅಣುಸ್ಫೋಟದ ಅಲೆಯು ಒಂದೊಂದು ಮಾಪಕವನ್ನು ಒಂದೊಂದು ಕ್ಷಣದಲ್ಲಿ ಮುಟ್ಟುತ್ತದೆ. ಆ ದಾಖಲೆಗಳನ್ನು ತಕ್ಕಷ್ಟು ಸರಿಸಿ ಕೂಡಿಸಿದರೆ ಅಲೆಯು ಸ್ಫುಟವಾಗುತ್ತದೆ, ಗದ್ದಲವು ತಗ್ಗುತ್ತದೆ. ಸರಿದುದು ದಾಖಲೆಯೇ ಹೊರತು ಕಾಲವಲ್ಲ. ನಡೆದ ಸ್ಫೋಟವನ್ನು ಅರಿಯಬಹುದು, ಅಳಿಸಲಾಗದು. ಈ ಮಿತಿಯನ್ನು ಮರೆತ ಕಥೆಯಲ್ಲಿ ಯಾವ ನಷ್ಟವೂ ನಷ್ಟವಾಗಿ ಉಳಿಯದು. ಆದುದರಿಂದಲೇ ಅಲ್ಲಿ ಕರುಣರಸಕ್ಕೆ ಎಡೆಯಿಲ್ಲವೆಂದು ನಾವು ಭಾವಿಸುತ್ತೇವೆ.