ನೋಟಿಸು ಅಂಟಿತು, ಸರಿ. ತಲುಪಿತಾ?

ಕಂದಾಯ ಮೇಲ್ಮನವಿಯ ನೋಟಿಸೊಂದನ್ನು ಯಾವತ್ತಾದರೂ ಪೂರ್ತಿ ಓದಿದ್ದೀರಾ? ಕೇಸ್ ನಂಬರು, ಸರ್ವೆ ನಂಬರು, ತಾರೀಕು, ಬೆಳಿಗ್ಗೆ 11 ಗಂಟೆ, ಕೊನೆಗೆ 'ಗೈರುಹಾಜರಾದಲ್ಲಿ ಏಕಪಕ್ಷೀಯವಾಗಿ ತೀರ್ಮಾನಿಸಲಾಗುವುದು'. ಸಾಮಾನ್ಯ ರೈತನಿಗೆ ಇದರಲ್ಲಿ ತಟ್ಟನೆ ತಿಳಿಯೋದು ಆ ಕೊನೆಯ ಎಚ್ಚರಿಕೆ ಮಾತ್ರ. ಎದುರಿನವರು ನಿಮ್ಮ ಹೊಲದ ಬಗ್ಗೆ ಏನು ಹೇಳಿದ್ದಾರೆ, ನೀವು ಯಾವ ಕಾಗದ ತರಬೇಕು ಅನ್ನೋದು ಬಹಳ ಸಲ ಇರೋದೇ ಇಲ್ಲ. ಇದು ಅರ್ಧ ಸಮಸ್ಯೆ. ಆ ಹಾಳೆ ಕೈಗೆ ಬರುತ್ತಾ ಅನ್ನೋದು ಉಳಿದರ್ಧ.

ನಾನು ಕೊಡ್ಲಿಯವ. ನಮ್ಮ ಕಡೆ ಅಣ್ಣತಮ್ಮಂದಿರ ಪಾಲು, ಖರೀದಿ, ವಾರಸಾ ಎಲ್ಲವೂ ಮ್ಯುಟೇಶನ್ ಆಗಿಯೇ ಪಹಣಿಗೆ ಬರಬೇಕು. ಅದು ತಪ್ಪಾಗಿದೆ ಅನ್ನಿಸಿದವರು ಕರ್ನಾಟಕ ಭೂ ಕಂದಾಯ ಕಾಯ್ದೆ, 1964ರ 136(2)ನೇ ಕಲಮಿನಂತೆ ಮೇಲ್ಮನವಿ ಹಾಕಬಹುದು. ಚಿಂಚೋಳಿ, ಚಿತ್ತಾಪುರ ಕಡೆಯವರಾದರೆ ಸೇಡಂನ ಸಹಾಯಕ ಆಯುಕ್ತರ ಹತ್ತಿರ ಹೋಗಬೇಕು. ಇರೋದು 60 ದಿನ. ಆದರೆ ಎಣಿಕೆ ಶುರುವಾಗೋದು ಆದೇಶ ಬರೆದ ದಿನದಿಂದಲ್ಲ, ಅದನ್ನು ತಿಳಿಸಿದ ಅಥವಾ ನಮೂದು ಗೊತ್ತಾದ ದಿನದಿಂದ. ಜಿಲ್ಲಾಧಿಕಾರಿಗಳ ಪರಿಷ್ಕರಣೆಗೆ ಸಂಬಂಧಿಸಿದ 136(3) ಇನ್ನೂ ಸ್ಪಷ್ಟ: ಆದೇಶದಿಂದ ಬಾಧೆಯಾಗುವವರ ಮಾತು ಕೇಳದೆ ಆದೇಶ ಮಾಡುವಂತಿಲ್ಲ. ಅಂದರೆ ಕಾಯ್ದೆಯಲ್ಲಿ ಕೊರತೆ ಇಲ್ಲ. ಕೊರತೆ ಇರೋದು ಜಾರಿಯಲ್ಲಿ.

ತೊಗರಿ ರಾಶಿ ಮುಗಿದರೆ ನಮ್ಮ ಕಡೆ ಎಷ್ಟೋ ಮನೆಗಳಿಗೆ ಬೀಗ ಬೀಳುತ್ತೆ. ಕೂಲಿಗೆ ಮುಂಬೈ, ಪುಣೆ, ಹೈದರಾಬಾದ್. ಆಗ ನೋಟಿಸು ಬಂತು ಅನ್ಕೊಳ್ಳಿ. ಬಾಗಿಲಿಗೆ ಅಂಟಿಸಿ, ಪಂಚರ ಸಹಿ ತಗೊಂಡು, ಕಡತದಲ್ಲಿ 'ಜಾರಿಯಾಗಿದೆ' ಅಂತ ಬರೆದರೆ ಮುಗಿಯಿತು. ವಾಟ್ಸಾಪ್‌ನಲ್ಲಿ ಒಂದೇ ಟಿಕ್ ಬಿದ್ದರೆ ಮೆಸೇಜ್ ಹೋಗಿದೆ, ಮುಟ್ಟಿಲ್ಲ ಅಂತ ನಮಗೆಲ್ಲ ಗೊತ್ತು. ಇಲ್ಲಿ ಆ ಒಂದು ಟಿಕ್‌ನ ಮೇಲೆ ಹೊಲ ಇನ್ನೊಬ್ಬರ ಹೆಸರಿಗೆ ಹೋಗಬಹುದು. ಪಹಣಿಯಲ್ಲಿ ಹೆಸರು ಹೋದರೆ ಬೆಳೆಸಾಲಕ್ಕೂ ತೊಂದರೆ, ಪರಿಹಾರಕ್ಕೂ ತೊಂದರೆ. ಜೊತೆಗೆ 133ನೇ ಕಲಮಿನ ಪ್ರಕಾರ, ತಪ್ಪು ಅಂತ ಸಾಬೀತಾಗುವವರೆಗೆ ಆ ನಮೂದೇ ನಿಜ. ಸಾಬೀತು ಮಾಡುವ ಹೊರೆ ಊರಲ್ಲಿಲ್ಲದವನ ತಲೆಗೆ.

ಅಂಟಿಸೋದೇ ತಪ್ಪು ಅಂತ ನಾನು ಹೇಳ್ತಿಲ್ಲ. ಬೇಕಂತಲೇ ನೋಟಿಸು ತಪ್ಪಿಸಿಕೊಳ್ಳುವವರೂ ಇದ್ದಾರೆ, ಅವರಿಂದ ಮೇಲ್ಮನವಿದಾರ ವರ್ಷಗಟ್ಟಲೆ ಅಲೆದಾಡಬಾರದು. ಆದರೆ ಸಿವಿಲ್ ಕೋರ್ಟುಗಳ ನಿಯಮ ನೋಡಿ. ಸಿವಿಲ್ ಪ್ರಕ್ರಿಯಾ ಸಂಹಿತೆಯ 5ನೇ ಆದೇಶ, 17ನೇ ನಿಯಮದಲ್ಲಿ, ಮನೆಯಲ್ಲಿ ಇಲ್ಲದವರನ್ನು ತಕ್ಕಷ್ಟು ಹುಡುಕಿಯೂ ಸಿಗದಿದ್ದಾಗ ಮಾತ್ರ ಅಂಟಿಸಬೇಕು. ಮನೆ ಯಾರು ತೋರಿಸಿದರು, ಯಾರ ಎದುರು ಅಂಟಿಸಿದ್ದು ಅಂತ ಹೆಸರು ಸಮೇತ ವರದಿ ಕೊಡಬೇಕು. ಅಂಟಿಸೋದು ಕೊನೆಯ ದಾರಿ, ಮೊದಲನೆಯದಲ್ಲ.

ಸಾಫ್ಟ್‌ವೇರಿನವನಾಗಿ ನನಗೆ ಇದರಲ್ಲಿ ಇನ್ನೂ ಸಿಟ್ಟು ಬರೋದಕ್ಕೆ ಕಾರಣ 'ಭೂಮಿ'. ಪಹಣಿಯನ್ನು ಕಂಪ್ಯೂಟರಿಗೆ ತಂದು ದೇಶಕ್ಕೇ ಮಾದರಿಯಾದ ಯೋಜನೆ ಅದು. ಮೊದಲು ಬಂದ ಅರ್ಜಿಯೇ ಮೊದಲು ಅನ್ನೋ ಸರದಿ, ಸಿಬ್ಬಂದಿಗೆ ಬೆರಳಚ್ಚಿನ ಲಾಗಿನ್, ಎಲ್ಲಾ ಅಲ್ಲಿತ್ತು. ಯಾರು ಯಾವಾಗ ಏನು ತಿದ್ದಿದರು ಅಂತ ಹಿಡಿಯಬಲ್ಲವರು, ನೋಟಿಸು ಕೈಗೆ ಬಿತ್ತಾ ಅನ್ನೋದನ್ನು ಒಂದು ಷರಾಕ್ಕೆ ಬಿಟ್ಟಿದ್ದು ಯಾಕೆ?

ದಾರಿ ಇಲ್ಲ ಅಂತಲ್ಲ. 2024ರ ನವೆಂಬರ್ 13ರಂದು ಸುಪ್ರೀಂ ಕೋರ್ಟ್ ಮನೆ ಕೆಡವುವ ಪ್ರಕರಣಗಳಲ್ಲಿ ನೋಟಿಸು ಹೇಗಿರಬೇಕು ಅಂತ ಹೇಳಿತು. ರಿಜಿಸ್ಟರ್ಡ್ ಅಂಚೆಯಲ್ಲಿ ಕಳಿಸಬೇಕು, ಕಟ್ಟಡಕ್ಕೂ ಅಂಟಿಸಬೇಕು, 15 ದಿನ ಕೊಡಬೇಕು. ಹಿಂದಿನ ತಾರೀಕು ಹಾಕಿದರು ಅನ್ನೋ ದೂರು ಬರದಂತೆ ಜಿಲ್ಲಾಧಿಕಾರಿ ಕಚೇರಿಗೆ ಇಮೇಲ್ ಹೋಗಬೇಕು, ಅಲ್ಲಿಂದ ತಾನಾಗಿಯೇ ಸ್ವೀಕೃತಿ ಬರಬೇಕು. ಗೋಡೆಗೆ ಇಷ್ಟು ಕಾಳಜಿ ಬೇಕಾದರೆ ಹೊಲಕ್ಕೂ ಬೇಕು. ಅಂಚೆ ರಸೀದಿ, ಮೊಬೈಲಿಗೆ ಮೆಸೇಜ್, ಅಂಟಿಸಿದ ಜಾಗದ್ದು ಸಮಯ ಸಮೇತ ಫೋಟೋ, ಜೊತೆಗೆ ಮೇಲ್ಮನವಿಯ ಪ್ರತಿ. ಇದರಲ್ಲಿ ಯಾವುದಕ್ಕೂ ಹೊಸ ತಂತ್ರಜ್ಞಾನ ಬೇಕಿಲ್ಲ. ಈ ನಾಲ್ಕೂ ಕಡತದಲ್ಲಿ ಇಲ್ಲದಿದ್ದರೆ ಏಕಪಕ್ಷೀಯ ಆದೇಶ ಬರೆಯೋದಕ್ಕೆ ಸಿಸ್ಟಮ್ಮೇ ಬಿಡಬಾರದು.

ಇದು ಕೂಲಿಗೆ ಹೋದವರ ಕಥೆ ಮಾತ್ರ ಅಂದುಕೊಳ್ಳಬೇಡಿ. ಬೆಂಗಳೂರಲ್ಲಿ ಕೂತು ಇದನ್ನು ಓದುತ್ತಿರುವ ನಮ್ಮಲ್ಲಿ ಎಷ್ಟೋ ಜನರ ಹೆಸರು ಊರಿನ ಪಹಣಿಯಲ್ಲಿದೆ, ಅಲ್ಲಿನ ಮನೆಗೆ ಬೀಗ ಇದೆ. ಈ ವಾರ ನಿಮ್ಮ ಸರ್ವೆ ನಂಬರು ಹಾಕಿ ಪಹಣಿ ಒಮ್ಮೆ ತೆಗೆದು ನೋಡಿ. ಕೊನೆಯ ಮ್ಯುಟೇಶನ್ ನಿಮಗೆ ಗೊತ್ತಿದ್ದದ್ದೇನಾ?