ಮಳೆಕಾಡಿಗೆ ಮೂಗು ಮೊದಲು, ಕಣ್ಣು ಕೊನೆಗೆ

ಆಗುಂಬೆಯಲ್ಲಿ ವರ್ಷಕ್ಕೆ 7,000 ಮಿ.ಮೀ.ಗೂ ಮೀರಿ ಮಳೆ ಸುರಿಯುತ್ತದೆ. ಅಲ್ಲಿನ ಕಾಡು ಹೊಸಬರ ಕಣ್ಣಿಗೆ ಬರೀ ಹಸಿರು ಗೋಡೆ. ಅದನ್ನು ಸವಿಯಲು ಒಂದು ಕ್ರಮವಿದೆ: ಬೇಗ ದಣಿಯುವ ಇಂದ್ರಿಯ ಮೊದಲು, ತಡವಾಗಿ ಎಚ್ಚರಗೊಳ್ಳುವುದು ಕೊನೆಗೆ. ಅರಣ್ಯ ಇಲಾಖೆಯ ಅನುಮತಿ ಪಡೆದು, ದಾರಿ ಬಲ್ಲ ಊರಿನವರೊಬ್ಬರ ಜೊತೆ ಸಂಜೆ ಹೊರಡಿ.

ಮೂಗು: ಕಾಡಿನ ಅಂಚಿಗೆ ಬಂದ ಕೂಡಲೇ ಉಸಿರೆಳೆದುಕೊಳ್ಳಿ. ಕೆಲವೇ ನಿಮಿಷಗಳಲ್ಲಿ ಮೂಗು ವಾಸನೆಗೆ ಒಗ್ಗಿಬಿಡುತ್ತದೆ. ಮಣ್ಣಿನ ಆ ಘಮಕ್ಕೆ ಮುಖ್ಯ ಕಾರಣ ಸ್ಟ್ರೆಪ್ಟೊಮೈಸಿಸ್ ಬ್ಯಾಕ್ಟೀರಿಯಾಗಳು ತಯಾರಿಸುವ ಜಿಯೋಸ್ಮಿನ್. ಲಕ್ಷ ಕೋಟಿಯಲ್ಲಿ ಕೆಲವೇ ಪಾಲು ಇದ್ದರೂ ಮೂಗು ಅದನ್ನು ಪತ್ತೆಹಚ್ಚುತ್ತದೆ. ತರಗೆಲೆಯನ್ನೂ ಮೂಸಿ ನೋಡಿ. ಹಾವು ಇದ್ದೀತು, ಕೈ ಹಾಕುವ ಮೊದಲು ಕೋಲಿನಿಂದ ಕೆದಕಿ.

ಚರ್ಮ: ತೇವ ತುಂಬಿದ ಗಾಳಿಯಲ್ಲಿ ಬೆವರು ಆರುವುದಿಲ್ಲ, ಮೈ ಅಂಟಂಟು. ಹಳ್ಳದ ಬಳಿ ಗಾಳಿ ಬೀಸಿದರೆ ಒಮ್ಮೆಗೇ ತಂಪು. ಚರ್ಮಕ್ಕೆ ಗೊತ್ತಾಗುವುದು ಹೆಚ್ಚಾಗಿ ಬದಲಾವಣೆಯೇ. ಹಾಗಾಗಿ ಒಂದೆಡೆ ನಿಲ್ಲದೆ ನಡೆಯುತ್ತಿರಿ. ಅದು ಮೋಸಹೋಗುವುದೂ ಉಂಟು: ಉಂಬಳ ಕಚ್ಚಿದ್ದು ತಿಳಿಯುವುದು ಎಷ್ಟೋ ಸಲ ಕಾಲಲ್ಲಿ ರಕ್ತ ಇಳಿದಾಗಲೇ.

ಕಿವಿ: ಈಗ ಮಾತು ನಿಲ್ಲಿಸಿ, ನಿಂತುಬಿಡಿ. ಮಳೆ ಬಿಟ್ಟ ಮೇಲೂ ಮರದ ಮಳೆ ಮುಂದುವರಿಯುತ್ತದೆ: ಮೇಲಿನೆಲೆಯಿಂದ ಕೆಳಗಿನೆಲೆಗೆ, ಅಲ್ಲಿಂದ ನೆಲಕ್ಕೆ. ಎರಡೂ ಸದ್ದನ್ನು ಬಿಡಿಸಿ ಕೇಳಿ. ಸದ್ದು ಎರಡು ಕಿವಿಗೆ ತಲುಪುವ ಹೊತ್ತಿನಲ್ಲಿರುವ ಕೂದಲೆಳೆಯ ಅಂತರದಿಂದ ಮಿದುಳು ದಿಕ್ಕು ಹೇಳುತ್ತದೆ. ಎಡೆಬಿಡದೆ ಕಿರುಗುಡುವ ಜೀರುಂಡೆ ಈ ಲೆಕ್ಕ ತಪ್ಪಿಸುತ್ತದೆ. ತುಂಡುತುಂಡಾಗಿ ಕೂಗುವ ಕಪ್ಪೆಯನ್ನು ಹುಡುಕುವುದು ಸುಲಭ. ಅಂಗೈಗಳನ್ನು ಕಿವಿಯ ಹಿಂದೆ ಬಟ್ಟಲಾಗಿಸಿ ತಲೆ ತಿರುಗಿಸಿ.

ಕಣ್ಣು: ಕತ್ತಲಾಗುವಾಗ ಕೆಂಪು ಹೂ ಮೊದಲು ಕಪ್ಪಾಗುತ್ತದೆ, ಹಸಿರು ಇನ್ನಷ್ಟು ಹೊತ್ತು ಉಳಿಯುತ್ತದೆ. ಕತ್ತಲಿಗೆ ಕಣ್ಣು ಪಳಗಲು ಸುಮಾರು ಅರ್ಧ ಗಂಟೆ ಬೇಕು. ಮಳೆಗಾಲದಲ್ಲಿ ಕೊಳೆತ ಕೊಂಬೆಯ ಮೇಲೆ ಮಿನುಗುವ ಶಿಲೀಂಧ್ರ ಕಂಡರೆ ನೇರವಾಗಿ ದಿಟ್ಟಿಸಬೇಡಿ. ಮಂದ ಬೆಳಕು ಹಿಡಿಯುವ ಕೋಶಗಳು ಅಕ್ಷಿಪಟದ ನಡುವೆ ಇಲ್ಲ, ಸುತ್ತಲಿವೆ. ತುಸು ಪಕ್ಕಕ್ಕೆ ನೋಡಿದರೆ ಬೆಳಕು ಬಲಿಯುತ್ತದೆ. ಫೋಟೊಗಳ ಗಾಢ ಹಸಿರನ್ನು ನಿರೀಕ್ಷಿಸಬೇಡಿ, ಬರಿಗಣ್ಣಿಗೆ ಸಿಗುವುದು ಬೂದಿ ಬಣ್ಣದ ಮಸುಕು ಹೊಳಪು. ಮೊಬೈಲ್ ತೆರೆದರೆ ಮತ್ತೆ ಮೊದಲಿನಿಂದ ಕಾಯಬೇಕು. ದಾರಿಗೆ ಮಂದ ಕೆಂಪು ಬೆಳಕಿನ ಟಾರ್ಚ್ ಇರಲಿ.